ಸೇತುವೆ ಈಚೆ ಬಿಟ್ಟು ಬಂದ ಮುದುಕಿ ಏನಾದಳು?

ಒಂದು ಸಿನಿಮಾವನ್ನು ಮೊದಲಿಂದ ಕೊನೆವರೆಗೆ ಕೂತು ನೋಡಬೇಕು ಅಂತ ಹೊರಟ ದಿನವೇ ಊರಿನ ಸಮಸ್ತರಿಗೂ ನಮ್ಮ ಮನೆಯ ನೆನಪಾಗುತ್ತದೆ. ಇದು ಒಂದು ಸಲ ಆದದ್ದಲ್ಲ, ಆಗುತ್ತಲೇ ಇದೆ. ಬೇರೆ ಊರಲ್ಲಾದರೆ ಜನ ಬಾಗಿಲು ತಟ್ಟಿ ತೊಂದರೆ ಕೊಡುತ್ತಾರೆ. ನಮ್ಮ ಅಹಮದಾಬಾದಿನ ಸೊಸೈಟಿಯಲ್ಲಿ, ಅಂದರೆ ಫ್ಲ್ಯಾಟುಗಳ ವಠಾರದಲ್ಲಿ, ತಟ್ಟುವ ಪದ್ಧತಿಯೂ ಇಲ್ಲ. ಸೀದಾ ಒಳಗೆ ಬಂದು, ಸೋಫಾ ಮೇಲೆ ಕೂತು, ಆಮೇಲೆ ‘ಏನು ನಡೀತಿದೆ’ ಅಂತ ಕೇಳುತ್ತಾರೆ. ಕೇಳಿದ ಮೇಲೆ ಉತ್ತರ ಕೊಡಬೇಕು. ಉತ್ತರ ಕೊಟ್ಟ ಮೇಲೆ ಚಹಾ ಕೊಡಬೇಕು. ನನಗೆ ಸಿಟ್ಟು ಬರದೆ ಇನ್ನೇನು ಬರಬೇಕು ಹೇಳಿ.

ನಾನು ಬ್ಯಾಂಕಿನಲ್ಲಿ ಕೆಲಸ ಮಾಡುವವಳು. ನಮ್ಮವರಿಗೆ ನರೋಡಾದ ಒಂದು ಎಂಜಿನಿಯರಿಂಗ್ ಕಾರ್ಖಾನೆಯಲ್ಲಿ ಕೆಲಸ. ಊರು ದಾವಣಗೆರೆ. ಮಾವ ತೀರಿಕೊಂಡ ಮೇಲೆ ಅತ್ತೆ ನಮ್ಮ ಜೊತೆ ಇರಲು ಬಂದರು. ಮುಂದಿನ ರಗಳೆಯೆಲ್ಲ ನಾನೂ ಅತ್ತೆಯೂ ಸೇರಿ ಒಂದು ಜೋಂಬಿ ಸಿನಿಮಾ ನೋಡಲು ಪಟ್ಟ ಪಾಡು.

೧. ಮಾತು ಬೇಡದ ಸಿನಿಮಾ

ಅತ್ತೆ ಊರಲ್ಲಿ ಸೊಪ್ಪು ಮಾರುವವಳ ಜೊತೆ ಅರ್ಧ ಬೆಳಗ್ಗೆ ಮಾತಾಡುತ್ತಿದ್ದವರು. ಸೊಪ್ಪು ಕೊಳ್ಳುತ್ತಿದ್ದರೋ ಬಿಡುತ್ತಿದ್ದರೋ, ಅವಳ ಮಗಳ ಹೆರಿಗೆ ವಿಚಾರಿಸದೆ ಬುಟ್ಟಿ ಮೇಲೆತ್ತಲು ಬಿಡುತ್ತಿರಲಿಲ್ಲ. ಅಂಥವರನ್ನು ತಂದು ಇಲ್ಲಿ ನಾಲ್ಕನೇ ಮಹಡಿಯಲ್ಲಿ ಕೂರಿಸಿದೆವು. ಗುಜರಾತಿ ಬರದು, ಹಿಂದಿ ಬರದು. ನಾವಿಬ್ಬರೂ ಬೆಳಗ್ಗೆ ಹೊರಟರೆ ಸಂಜೆಯವರೆಗೆ ಅವರ ಬಾಯಿಗೆ ಬೀಗ. ಹಿಂದಿ ಧಾರಾವಾಹಿ ಹಾಕಿಕೊಟ್ಟರೆ, “ಇವರೆಲ್ಲ ಬಾಗಿಲಲ್ಲಿ ನಿಂತು ಅಷ್ಟೊತ್ತು ಮುಖ ಮುಖ ಯಾಕೆ ನೋಡ್ಕಂತಾರೆ, ಹೋಗಿ ಅಡಿಗೆ ಮಾಡಬಾರದಾ” ಅಂತ ಬೈದು ಎದ್ದು ಹೋಗುತ್ತಿದ್ದರು.

ಒಂದು ದಿನ ಊಟಕ್ಕೆ ಕೂತಾಗ ಹೇಳಿದರು: “ದೀಪಾವಳಿ ಮುಗಿಸ್ಕಂಡು ನಾನು ಹರಿಹರಕ್ಕೆ ಹೋಗ್ತೀನಿ, ತಂಗಿ ಮನೆಗೆ. ಅಲ್ಲೇ ಇರ್ತೀನಿ.”

“ಇಲ್ಲೇನು ಕಷ್ಟ ಆಗಿದೆ ಅತ್ತೆ?” ಅಂದೆ.

“ಕಷ್ಟ ಏನೂ ಇಲ್ಲ. ಜಗಳ ಆಡಾಕೂ ಒಬ್ರು ಇಲ್ಲ, ಅಷ್ಟೇ.”

ನಮ್ಮವರು ಎದ್ದು ಕೈ ತೊಳೆದು ರೈಲಿನ ಟಿಕೆಟ್ ಮಾಡಿಸಿಯೇಬಿಟ್ಟರು. ಗ್ಯಾಸ್ ಸ್ಟವ್ ರಿಪೇರಿ ಮಾಡಿಸಿ ಅಂತ ಹೇಳಿ ವರ್ಷವಾಗಿದೆ, ಅದಕ್ಕೆ ಪುರುಸೊತ್ತಿಲ್ಲ. ಹೆತ್ತ ತಾಯಿಯನ್ನು ಸಾಗಹಾಕಲು ಮಾತ್ರ ಪುರುಸೊತ್ತು ಸಿಕ್ಕಿತು. ನನಗಂತೂ ಅತ್ತೆ ಹೋಗುವುದು ಬೇಕಿರಲಿಲ್ಲ. ಬ್ಯಾಂಕಿನಲ್ಲಿ ದಿನವಿಡೀ ಹಿಂದಿಯಲ್ಲಿ ನಕ್ಕು ನಕ್ಕು ಮಾತಾಡಿ ಬಂದವಳಿಗೆ ಮನೆಯಲ್ಲಿ ಕನ್ನಡದಲ್ಲಿ ಬೈಯಲು, ಬೈಸಿಕೊಳ್ಳಲು ಒಬ್ಬರು ಸಿಕ್ಕಿದ್ದರು. ಆದರೆ ‘ಹೋಗಬೇಡಿ’ ಅಂತ ಬಾಯಿಬಿಟ್ಟು ಹೇಳುವುದಿದೆಯಲ್ಲ, ಅದು ನನ್ನಿಂದ ಆಗುವುದಿಲ್ಲ. ಜಗಳಕ್ಕಾದರೆ ಬಾಯಿ ತಾನಾಗೇ ತೆರೆದುಕೊಳ್ಳುತ್ತದೆ. ಇಂಥದ್ದಕ್ಕೆ ತೆರೆಯುವುದೇ ಇಲ್ಲ.

ಆಮೇಲಿನ ಭಾನುವಾರ ನಾನೊಬ್ಬಳೇ ಒಂದು ಇಂಗ್ಲಿಷ್ ಜೋಂಬಿ ಸಿನಿಮಾ ಹಾಕಿಕೊಂಡು ಕೂತಿದ್ದೆ. ನನಗೆ ಅಂಥವೆಂದರೆ ಪ್ರಾಣ. ಸತ್ತವರೆಲ್ಲ ಎದ್ದು ಬಂದು ಬದುಕಿರುವವರನ್ನು ಕಚ್ಚುವುದು, ಕಚ್ಚಿಸಿಕೊಂಡವರೂ ಜೋಂಬಿಗಳಾಗಿ ಇನ್ನೊಬ್ಬರ ಮೇಲೆ ಬೀಳುವುದು, ಇಷ್ಟೇ ಕಥೆ. ಅತ್ತೆ ಗೋರಿಕಾಯಿ ಸೋಸುತ್ತಾ ಬಂದು ಕೂತರು. ಎರಡು ನಿಮಿಷ ನೋಡಿದರು.

“ಅವನ ಕೈಗೆ ಕಚ್ಚೈತೆ. ಅಂಗಿ ತೋಳು ಕೆಳಗೆ ಎಳ್ಕಂಡು ಮುಚ್ಚಿಡ್ತಾವ್ನೆ ನೋಡು. ಇವನೇ ಎಲ್ಲರ ಮನೆ ಹಾಳು ಮಾಡೋನು.”

ಹಾಗೇ ಆಯಿತು. ಅಲ್ಲಿಂದ ಅತ್ತೆ ಅಲುಗಾಡಲಿಲ್ಲ. ಯಾರು ಓಡಬೇಕು, ಯಾರು ನಿಲ್ಲಬಾರದು, ಯಾವ ಬಾಗಿಲು ತೆಗೆಯಬಾರದು, ಎಲ್ಲ ಕನ್ನಡದಲ್ಲಿ ಜೋರಾಗಿ ಹೇಳುತ್ತಿದ್ದರು. ಅಹಮದಾಬಾದಿಗೆ ಬಂದ ಮೇಲೆ ಅವರು ಅಷ್ಟು ಮಾತಾಡಿದ್ದು ಅದೇ ಮೊದಲು. ನನಗೆ ಹೊಟ್ಟೆ ತುಂಬಿದ ಹಾಗಾಯಿತು.

ಆದರೆ ಕೊನೆಗೆ ಒಂದು ಎಡವಟ್ಟಾಯಿತು. ಒಬ್ಬ ಮಗ ತನ್ನ ಹೆಂಡತಿ ಮಕ್ಕಳನ್ನು ಸೇತುವೆ ದಾಟಿಸುತ್ತಾನೆ. ಮುದಿ ತಾಯಿಯನ್ನು ಈಚೆ ದಡದ ಬೆಂಚಿನ ಮೇಲೆ ಕೂರಿಸಿ, ‘ಈಗ ಬಂದೆ’ ಅಂತ ಸನ್ನೆ ಮಾಡಿ ಹೋಗುತ್ತಾನೆ. ಅಷ್ಟರಲ್ಲಿ ಸೇತುವೆ ಢಮಾರ್. ಮಗ ಹೆಲಿಕಾಪ್ಟರ್ ಹತ್ತಿದ, ಸಿನಿಮಾ ಮುಗಿಯಿತು.

“ಮುದುಕಿ?” ಅಂದರು ಅತ್ತೆ.

“ಮುಗೀತು ಅತ್ತೆ ಸಿನಿಮಾ.”

“ಅದೆಂಗೆ ಮುಗೀತದೆ? ಮುದುಕಿ ಅಲ್ಲೇ ಕುಂತಿದ್ದಾಳಲ್ಲ.”

ಅದೇ ಹೊತ್ತಿಗೆ ನಮ್ಮವರು ಪಾಳಿ ಮುಗಿಸಿ ಒಳಗೆ ಕಾಲಿಟ್ಟರು. ಅತ್ತೆ ತಲೆಯಿಂದ ಕಾಲಿನವರೆಗೆ ಅವರನ್ನು ನೋಡಿ, “ಎಲ್ಲಾ ಗಂಡುಮಕ್ಕಳೂ ಇಷ್ಟೇಯ” ಅಂತ ಹೇಳಿ ಗೋರಿಕಾಯಿ ತೆಗೆದುಕೊಂಡು ಒಳಗೆ ಹೋದರು. ಪಾಪ, ಆ ಮನುಷ್ಯ ಚಪ್ಪಲಿಯನ್ನೂ ಬಿಚ್ಚಿರಲಿಲ್ಲ.

೨. ವಾಟಕಿ

ಅದೇ ಸಿನಿಮಾದ ಎಕ್ಸ್‌ಟೆಂಡೆಡ್ ಕಟ್ ಬಂದಿದೆ, ಥಿಯೇಟರಿನಲ್ಲಿ ಕತ್ತರಿಸಿದ್ದ ಭಾಗವೆಲ್ಲ ಅದರಲ್ಲಿದೆ, ಆ ಮುದುಕಿಯ ಕಥೆಯೂ ಇದೆ ಅಂತ ಬ್ಯಾಂಕಿನಲ್ಲಿ ಒಬ್ಬ ಹುಡುಗಿ ಹೇಳಿದಳು. ಮನೆಗೆ ಬಂದು ಹೇಳಿದೆ. ಅತ್ತೆಯ ಮುಖ ಅರಳಿತು. “ಅವಳು ಏನಾದ್ಲು ಅಂತ ಗೊತ್ತಾದ್ರೆ ನಿಶ್ಚಿಂತೆಯಾಗಿ ಹರಿಹರಕ್ಕೆ ಹೋಗ್ತೀನಿ” ಅಂದರು. ನಾನು ಒಳಗೊಳಗೇ ಒಂದು ನಿರ್ಧಾರ ಮಾಡಿದೆ. ಮುದುಕಿಯ ಕಥೆ ನೋಡಿ ಅತ್ತೆ ಖುಷಿಯಾಗಿ ಕೂತಿರುವಾಗಲೇ, ಅದೇ ಉಸಿರಿನಲ್ಲಿ, ‘ಹೋಗಬೇಡಿ, ಇಲ್ಲೇ ಇರಿ’ ಅಂತ ಹೇಳಿಬಿಡುವುದು.

ಮುದುಕಿಯ ಭಾಗಕ್ಕೇ ನೇರವಾಗಿ ಹೋಗೋಣ ಅಂದರೆ ಅತ್ತೆ ಒಪ್ಪಲಿಲ್ಲ. “ಊಟಕ್ಕೆ ಕುಂತು ಮಜ್ಜಿಗೆ ಅನ್ನ ಮೊದ್ಲು ಉಣ್ತಾರಾ? ಮೊದಲಿಂದ ಹಾಕು.” ಮಧ್ಯೆ ನಿಂತರೂ ಮುಂದಿನ ಸಲ ಮತ್ತೆ ಮೊದಲಿಂದಲೇ ಆಗಬೇಕು, ಅರ್ಧಂಬರ್ಧ ಬೇಡ. ಅದೂ ನಾನು ಮನೆಯಲ್ಲಿರುವ ಭಾನುವಾರವೇ ಆಗಬೇಕು. ಒಬ್ಬರೇ ನೋಡಿದರೆ ಯಾರಿಗೆ ಹೇಳುವುದು ಅಂತ ಅವರ ವಾದ. ಸಿನಿಮಾ ಮೂರು ಗಂಟೆಗೂ ಮೀರಿದ್ದು.

ಮಧ್ಯಾಹ್ನ ಊಟ ಮುಗಿಸಿ ಕೂತೆವು. ಹತ್ತು ನಿಮಿಷ ಆಗಿಲ್ಲ, ಎದುರು ಫ್ಲ್ಯಾಟಿನ ಮಾಸಿ ಬಂದರು. ಇಲ್ಲಿ ಚಿಕ್ಕಮ್ಮನಿಗೂ ಮಾಸಿ, ಎದುರು ಮನೆಯವರಿಗೂ ಮಾಸಿ. ಕೈಯಲ್ಲಿ ಒಂದು ಸ್ಟೀಲ್ ಬಟ್ಟಲು, ಅದರಲ್ಲಿ ಬಿಸಿ ಹಾಂಡವೊ, ಸೋರೆಕಾಯಿ ತುರಿದು ಹಾಕಿದ ಖಾರದ ಕೇಕು. “ಬಾ ಅವರಿಗೋಸ್ಕರ” ಅಂದರು. ಇಲ್ಲಿ ವಯಸ್ಸಾದ ತಾಯಿಯನ್ನು ಬಾ ಅಂತಲೇ ಕರೆಯುವುದು. ಬಟ್ಟಲಿಗೆ ವಾಟಕಿ ಅನ್ನುತ್ತಾರೆ. ನೆರೆಹೊರೆಯವರ ನಡುವೆ ವಾಟಕಿ ಓಡಾಡುತ್ತಿರಬೇಕು ಅನ್ನುವುದು ಈ ಊರಿನ ನಿಯಮ.

ಅತ್ತೆ ತಟಕ್ಕನೆ ಎದ್ದರು. “ಖಾಲಿ ಪಾತ್ರೆ ವಾಪಸ್ ಕೊಡಬಾರದು” ಅಂತ ಸಿನಿಮಾ ನಿಲ್ಲಿಸಿ, ಒಗ್ಗರಣೆ ಮಂಡಕ್ಕಿ ಮಾಡಿ, ಅದೇ ಬಟ್ಟಲಲ್ಲಿ ತುಂಬಿ ಕಳಿಸಿದರು. ಬಂದು ಕೂತು ಮೊದಲಿಂದ ಹಾಕಿದೆವು. ಮಾಸಿ ಮತ್ತೆ ಬಂದರು. ಅವರೂ ಖಾಲಿ ಪಾತ್ರೆ ಇಟ್ಟುಕೊಳ್ಳುವವರಲ್ಲವಂತೆ. ಬಟ್ಟಲು ಅವರದೇ ಅನ್ನುವುದು ಆಗಲೇ ಎಲ್ಲರಿಗೂ ಮರೆತುಹೋಗಿತ್ತು. ಈ ಸಲ ಢೋಕ್ಲಾ. ಅತ್ತೆ ಮತ್ತೆ ಎದ್ದು ರವೆ ಹುರಿದರು.

“ಅತ್ತೆ, ಬಟ್ಟಲು ಇವತ್ತು ಇಲ್ಲೇ ಇರಲಿ, ನಾಳೆ ಕೊಡೋಣ.”

“ನಾಳೆವರೆಗೂ ಇಟ್ಕಂಡ್ರೆ ಏನಂದ್ಕಂತಾರೆ? ಮಾನ ಹೋಗ್ತದೆ.”

ಕೇಸರಿಬಾತ್ ಹೋಯಿತು, ಮುಠಿಯಾ ಬಂತು. ಬೋಂಡ ಹೋಯಿತು, ಶ್ರೀಖಂಡ ಬಂತು. ನಾನು ರಿಮೋಟ್ ಹಿಡಿದುಕೊಂಡು ಹಲ್ಲು ಕಡಿಯುತ್ತಾ ಕೂತಿದ್ದೆ. ಬೆಳಕು ಹೋಗುವ ಹೊತ್ತಿಗೆ ಸಿನಿಮಾ ಶುರುವಿನ ಹೆಸರುಗಳನ್ನೇ ನಾವು ಎಷ್ಟು ಸಲ ನೋಡಿದ್ದೆವೋ ದೇವರಿಗೇ ಗೊತ್ತು. ನಮ್ಮವರು ಮಾತ್ರ ಎರಡೂ ಮನೆಯ ಎಲ್ಲ ತಿಂಡಿಯನ್ನೂ ತಿಂದು, ಹೊಟ್ಟೆ ಸವರಿಕೊಂಡು, “ಸಿನಿಮಾ ಚೆನ್ನಾಗಿದೆ ಕಣೇ, ವಾರವಾರ ಹಾಕು” ಅಂದರು.

೩. ಬಾಗಿಲು ಹಾಕಿದ ತಪ್ಪಿಗೆ

ಮುಂದಿನ ಭಾನುವಾರ ನಾನು ಯುದ್ಧಕ್ಕೆ ಸಿದ್ಧಳಾದವಳ ಹಾಗೆ ಮರದ ಬಾಗಿಲು ಹಾಕಿ ಚಿಲಕ ಜಡಿದೆ. ಪರದೆ ಎಳೆದೆ. ಕರೆಗಂಟೆಯ ಸ್ವಿಚ್ ಆರಿಸಿದೆ. ನಮ್ಮವರು ಪಾಳಿಗೆ ಹೋಗಿದ್ದರು. ಈಗ ಯಾವ ಮಗ ಬರುತ್ತಾನೋ ಬರಲಿ ಅಂತ ಸಿನಿಮಾ ಹಾಕಿ ಶಬ್ದ ಜೋರು ಮಾಡಿದೆ.

ನನಗೆ ಗೊತ್ತಿಲ್ಲದ ಸಂಗತಿ ಒಂದಿತ್ತು. ನಮ್ಮ ಸೊಸೈಟಿಯಲ್ಲಿ ಹಗಲು ಹೊತ್ತು ಯಾರೂ ಮರದ ಬಾಗಿಲು ಹಾಕುವುದಿಲ್ಲ. ಕಬ್ಬಿಣದ ಜಾಲರಿ ಬಾಗಿಲು ಮಾತ್ರ ಹಾಕಿರುತ್ತದೆ, ಒಳಗಿನದೆಲ್ಲ ಕಾಣುತ್ತಿರುತ್ತದೆ. ಜನ ಒಳಗಿದ್ದೂ ಮರದ ಬಾಗಿಲು ಹಾಕಿದೆ ಅಂದರೆ ಒಳಗೆ ಏನೋ ಕೆಟ್ಟದ್ದು ನಡೆದಿದೆ ಅಂತಲೇ ಅರ್ಥ. ಊರಲ್ಲಿ ನಾವು ಬಿಸಿಲಿಗೆ, ನೊಣಕ್ಕೆ, ನೆಂಟರಿಗೆ, ಎಲ್ಲಕ್ಕೂ ಬಾಗಿಲು ಹಾಕುವವರು. ಇಲ್ಲಿ ಬಾಗಿಲು ಹಾಕುವುದೇ ಒಂದು ಸುದ್ದಿ ಅಂತ ನನಗೇನು ಗೊತ್ತು?

ಮೊದಲು ಮಾಸಿ ಬಂದು ಬಾಗಿಲು ನೋಡಿದ್ದಾರೆ. ಒಳಗಿಂದ ಚೀರಾಟ ಕೇಳಿದ್ದಾರೆ. ನಡುನಡುವೆ ಅತ್ತೆಯ ದನಿ: “ಹೊಡಿ ಅವನಿಗೆ! ತಲೆಗೇ ಹೊಡಿ!” ಕನ್ನಡ ತಿಳಿಯದಿದ್ದರೂ ಸಿಟ್ಟು ತಿಳಿಯುತ್ತದಲ್ಲ. ಮಾಸಿ ಓಡಿ ಸೊಸೈಟಿಯ ಸೆಕ್ರೆಟರಿಯನ್ನು ಕರೆತಂದರು. ಅವರು ವಾಚ್‌ಮನ್‌ನನ್ನು ಕರೆದರು. ಮೂರೂ ಜನ ಸೇರಿ ಬಾಗಿಲು ಬಡಿದ ಬಡಿತಕ್ಕೆ ನಾನು ನಿಜವಾಗಿಯೂ ಜೋಂಬಿಗಳೇ ಬಂದವು ಅಂದುಕೊಂಡೆ.

ಚಿಲಕ ತೆಗೆದೆ. ನನ್ನ ತಲೆ ಕೆದರಿತ್ತು, ಮುಖ ಸಿಟ್ಟಿನಿಂದ ಕೆಂಪಾಗಿತ್ತು. ನನ್ನ ಹಿಂದೆ ಅತ್ತೆ, ಕಣ್ಣಲ್ಲಿ ನೀರು, ಕೈಯಲ್ಲಿ ಚಾಕು. ಆ ದಿನ ಈರುಳ್ಳಿ ಹೆಚ್ಚುತ್ತಿದ್ದರು. ಮಾಸಿ ಒಳಗೆ ನುಗ್ಗಿ ಅತ್ತೆಯನ್ನು ಎದೆಗೆ ಅವುಚಿಕೊಂಡರು. ಸೆಕ್ರೆಟರಿ ನನ್ನ ಕಡೆ ತಿರುಗಿ, ಹಿರಿಯರನ್ನು ಹೇಗೆ ನೋಡಿಕೊಳ್ಳಬೇಕು ಅಂತ ಹಿಂದಿಯಲ್ಲಿ ದೊಡ್ಡ ಭಾಷಣ ಶುರು ಮಾಡಿದರು. ತಾಯಿಯ ಕಾಲಡಿ ಸ್ವರ್ಗವಿದೆಯಂತೆ. ಇದು ಸಿನಿಮಾ ಅಂತ ಎರಡು ಸಲ ಹೇಳಲು ಹೋದೆ, ಭಾಷಣ ನಿಲ್ಲಲಿಲ್ಲ. ಬ್ಯಾಂಕಿನಲ್ಲಿ ಗಿರಾಕಿಗಳ ಭಾಷಣ, ಮನೆಯಲ್ಲಿ ಇವರದ್ದು.

ಏನೋ ತಪ್ಪು ತಿಳಿದಿದ್ದಾರೆ ಅಂತ ಅತ್ತೆಗೆ ಹೊಳೆಯಿತು. ಬಿಡಿಸಿ ಹೇಳಲು ಭಾಷೆ ಇಲ್ಲ. ಅದಕ್ಕೆ ಮಾಡಿ ತೋರಿಸಿದರು. ಕುತ್ತಿಗೆ ಒಂದು ಕಡೆಗೆ ವಾಲಿಸಿ, ಕಣ್ಣು ಮೇಲೆ ಮಾಡಿ, ಚಾಕು ಹಿಡಿದ ಕೈಯನ್ನೇ ಮುಂದೆ ಚಾಚಿ, ‘ಗ್‌ರ್‌ರ್’ ಅಂತ ಕಾಲೆಳೆಯುತ್ತಾ ಸೆಕ್ರೆಟರಿಯ ಮೇಲೆ ಹೋದರು. ಸೆಕ್ರೆಟರಿ ಭಾಷಣ ಅಲ್ಲಿಗೇ ಬಿಟ್ಟು ಮೆಟ್ಟಿಲಿಳಿದರು. ವಾಚ್‌ಮನ್ ಅವರಿಗಿಂತ ಮೊದಲೇ ಇಳಿದಿದ್ದ.

ಮರುದಿನ ಲಿಫ್ಟಿನಲ್ಲಿ ಸೆಕ್ರೆಟರಿ ಸಿಕ್ಕರು. ಅತ್ತಿತ್ತ ನೋಡಿ ದನಿ ತಗ್ಗಿಸಿ, “ಬೆನ್, ಇಂಥದ್ದಕ್ಕೆ ಒಳ್ಳೆಯ ಡಾಕ್ಟರು ನನಗೆ ಪರಿಚಯ ಇದ್ದಾರೆ. ಸಂಕೋಚ ಪಡಬೇಡಿ” ಅಂದರು. ಇಲ್ಲಿ ಅಕ್ಕನಿಗೆ ಬೆನ್ ಅನ್ನುತ್ತಾರೆ. ಆಮೇಲೆ ಸ್ವಲ್ಪ ಯೋಚಿಸಿ ಕೇಳಿದರು: “ಬಾ ಅವರಿಗೆ ತೋರಿಸ್ತೀರೋ, ನೀವೇ ತೋರಿಸ್ಕೊಳ್ತೀರೋ?”

೪. ಅಲ್ಕಾಪುರಿಯ ದೊಡ್ಡ ಟಿವಿ

ಈ ಊರಿನ ಸಹವಾಸವೇ ಬೇಡ ಅಂತ ಅದರ ಮುಂದಿನ ಭಾನುವಾರ ಬೆಳಗ್ಗೆ ರೈಲು ಹತ್ತಿ ವಡೋದರಾಕ್ಕೆ ಹೋದೆವು. ಅಲ್ಲಿ ಅಲ್ಕಾಪುರಿಯಲ್ಲಿ ಅತ್ತೆಯ ಹರಿಹರದ ತಂಗಿಯ ಮಗ ಇದ್ದಾನೆ. ಇನ್ಶೂರೆನ್ಸ್ ಕಂಪನಿಯಲ್ಲಿ ಆಫೀಸರ್. ಗೋಡೆ ತುಂಬುವಷ್ಟು ದೊಡ್ಡ ಟಿವಿ ತಂದಿದ್ದಾನೆ ಅಂತ ಫೋನಿನಲ್ಲಿ ಹೇಳಿ ಹೇಳಿ ನಮ್ಮ ಕಿವಿ ತೂತು ಮಾಡಿದ್ದ.

ಟಿವಿ ದೊಡ್ಡದೇ. ಆದರೆ ಅದನ್ನು ನೋಡಲು ಅವನು ಬಿಡಬೇಕಲ್ಲ. ಮೊದಲು ಸ್ಪೀಕರ್ ಎಲ್ಲೆಲ್ಲಿಟ್ಟಿದ್ದೇನೆ ಅಂತ ತೋರಿಸಿದ. ನಮ್ಮನ್ನು ಸೋಫಾದ ಎಡಕ್ಕೆ, ಬಲಕ್ಕೆ, ನೆಲಕ್ಕೆ ಕೂರಿಸಿ ಎಲ್ಲಿ ಚೆನ್ನಾಗಿ ಕೇಳಿಸುತ್ತದೆ ಅಂತ ಪರೀಕ್ಷೆ ಮಾಡಿದ. ಸಿನಿಮಾ ಶುರುವಾದ ಮೇಲೆ ಪ್ರತಿ ದೃಶ್ಯಕ್ಕೂ ನಿಲ್ಲಿಸಿ, “ದೊಡ್ಡಮ್ಮ, ಇದು ಹೊಸದು, ಥಿಯೇಟರಲ್ಲಿ ಇರ್ಲಿಲ್ಲ” ಅನ್ನುತ್ತಿದ್ದ. ಮುಂದಿನದಕ್ಕೆ ನಿಲ್ಲಿಸಿ, “ಇದು ಇತ್ತು” ಅನ್ನುತ್ತಿದ್ದ. ರಕ್ತ ಹೇಗೆ ಮಾಡುತ್ತಾರೆ, ಹೆಣಗಳಿಗೆ ಬಣ್ಣ ಹೇಗೆ ಬಳಿಯುತ್ತಾರೆ, ಕಾರು ಹೇಗೆ ಉರುಳಿಸುತ್ತಾರೆ, ಎಲ್ಲಕ್ಕೂ ವಿವರಣೆ. ಇವನೇ ಹೋಗಿ ಉರುಳಿಸಿ ಬಂದವನ ಹಾಗೆ. ನಾನು ಎರಡು ಸಲ ‘ಸುಮ್ಮನೆ ಹಾಕಪ್ಪ’ ಅಂದೆ. ಮೂರನೇ ಸಲ ಹೇಳಲು ಬಾಯಿ ತೆಗೆದಾಗ ಅತ್ತೆ ನನ್ನ ತೊಡೆ ಚಿವುಟಿದರು.

ನಡುವೆ ಇನ್ನೊಂದು ಮಾತು ಬೇರೆ: “ದೊಡ್ಡಮ್ಮ, ಅಮ್ಮ ನಿಮಗೋಸ್ಕರ ಮುಂದಿನ ರೂಮಿಗೆ ಸುಣ್ಣ ಬಳಿಸಿದ್ದಾಳೆ. ಹೊಸ ಮಂಚನೂ ಬಂದಿದೆ.” ಅತ್ತೆ “ಹೂಂ” ಅಂದರು. ದೀಪಾವಳಿಗೆ ಹೆಚ್ಚು ದಿನ ಉಳಿದಿರಲಿಲ್ಲ. ನಾನಿನ್ನೂ ಒಂದು ಸಿನಿಮಾ ಮುಗಿಸಲಾಗದೆ ಒದ್ದಾಡುತ್ತಿದ್ದೆ.

ಅವನ ಹೆಂಡತಿ ಭರ್ಜರಿ ಊಟ ಹಾಕಿದಳು. ಊಟ ಮುಗಿಸಿದವನೇ ಸೋಫಾ ಮೇಲೆ ಉರುಳಿದ. ಸೇತುವೆ ಇನ್ನೇನು ಬಂತು ಅನ್ನುವಾಗ ಅವನ ಗೊರಕೆ ಶುರುವಾಯಿತು. ಮಗ್ಗುಲಾದ. ರಿಮೋಟ್ ಅವನ ಹೊಟ್ಟೆಯ ಕೆಳಗೆ ಸೇರಿತು. ಟಿವಿಯಲ್ಲಿ ಸಿನಿಮಾ ಹೋಗಿ ಗುಜರಾತಿ ವಾರ್ತೆ ಬಂತು, ಅಡಿಕೆ ಒಡೆಯುವ ದನಿಯಲ್ಲಿ ಯಾರೋ ಹತ್ತಿಯ ದರ ಹೇಳುತ್ತಿದ್ದರು.

ನಾನು ಅವನನ್ನು ಹೊರಳಿಸಲು ಹೋದೆ. ಅತ್ತೆ ಕೈ ಹಿಡಿದರು. “ಬ್ಯಾಡ. ಮಲಗಿದ ಮಕ್ಕಳನ್ನ ಎಬ್ಬಿಸಬಾರದು.” ಆ ಮಗುವಿಗೆ ನಲವತ್ತೈದು ವರ್ಷ. ಅದರ ಮೀಸೆ ಉಸಿರಿಗೆ ಹಾರುತ್ತಿತ್ತು. ರೈಲಿನ ಹೊತ್ತಾಗುವವರೆಗೆ ನಾವಿಬ್ಬರೂ ಹತ್ತಿಯ ದರ ಕೇಳಿಕೊಂಡು ಕೂತೆವು. ನನ್ನ ಜನ್ಮದಲ್ಲಿ ಅಷ್ಟು ಸಹನೆಯಿಂದ ನಾನು ಇನ್ನೆಂದೂ ಕೂತಿಲ್ಲ.

ಸ್ಟೇಷನ್ನಿಗೆ ಬಿಡಲು ಬಂದವನು ಕಣ್ಣುಜ್ಜುತ್ತಾ ಕೇಳಿದ: “ಹೇಗಿತ್ತು ದೊಡ್ಡಮ್ಮ? ಸಿನಿಮಾ ಸ್ವಲ್ಪ ಉದ್ದ ಆಯ್ತು ಅಲ್ವಾ?”

“ಸಿನಿಮಾ ಸರಿಯಾಗೇ ಐತಪ್ಪ” ಅಂದರು ಅತ್ತೆ. “ನೀನೇ ವಸಿ ಉದ್ದ ಆದೆ.”

೫. ಸೂರತ್ತಿನಿಂದ ಬಂದ ಗಂಡ

ಇದು ಚಿಕ್ಕದು, ಆದರೆ ನನಗೆ ಹೆಚ್ಚು ಉರಿದದ್ದು ಇದಕ್ಕೇ.

ನಮ್ಮವರನ್ನು ಕಂಪನಿ ಕೆಲಸದ ಮೇಲೆ ಸೂರತ್ತಿಗೆ ಕಳಿಸಿದ್ದರು. ಬೆಳಗ್ಗೆ ವಾಪಸು ಬಂದರು, ಕೈಯಲ್ಲಿ ಒಂದು ಡಬ್ಬ ಘಾರಿ. ತುಪ್ಪ ಸುರಿಯುವ ಸೂರತ್ತಿನ ಸಿಹಿ. ಕೇಳದೆ ಸಿಹಿ ತರುವ ಮನುಷ್ಯರಲ್ಲ ಇವರು. ನಾನು ಆಗಲೇ ಅನುಮಾನ ಪಡಬೇಕಿತ್ತು.

ತಿಂಡಿ ತಿನ್ನುತ್ತಾ ಬಾಯಿ ತಪ್ಪಿ ಅಂದರು: “ಆ ಮುದುಕಿ ಸೀನು ಮಾತ್ರ ಭಾರಿ ತೆಗೆದಿದ್ದಾರೆ.”

ನಾನು ಸೌಟು ಕೆಳಗಿಟ್ಟೆ. “ಯಾವ ಮುದುಕಿ?”

ಅವರು ಅಗಿಯುವುದನ್ನು ನಿಲ್ಲಿಸಿದರು. “ಹೋಟೆಲಿನ ಟಿವಿಯಲ್ಲಿ ಇತ್ತು. ಕೆಲಸ ಬೇಗ ಮುಗೀತು. ಸುಮ್ಮನೆ ಹಾಕ್ದೆ.”

ಬೇರೆ ಹೆಂಗಸಿನ ಜೊತೆ ಸಿನಿಮಾಕ್ಕೆ ಹೋಗಿ ಬಂದಿದ್ದರೂ ನನಗೆ ಅಷ್ಟು ಸಿಟ್ಟು ಬರುತ್ತಿರಲಿಲ್ಲ. ನಾವು ಬಾಗಿಲು ಹಾಕಿ, ಬಾಗಿಲು ತೆಗೆದು, ರೈಲು ಹತ್ತಿ, ಇಳಿದು ಸಾಯುತ್ತಿದ್ದರೆ, ಈ ಮನುಷ್ಯ ಏಸಿ ಹಾಕಿಕೊಂಡು ಕಾಲು ಚಾಚಿ ಮೂರು ಗಂಟೆಯ ಸಿನಿಮಾ ಮುಗಿಸಿ ಬಂದಿದ್ದಾರೆ. ಅದೂ ಒಂದೇ ಏಟಿಗೆ. ನಾನು ಏನೇನು ಅಂದೆ ಅಂತ ಇಲ್ಲಿ ಬರೆಯಲಾಗುವುದಿಲ್ಲ.

ಅತ್ತೆ ನನ್ನ ಕೂಗಾಟದ ನಡುವೆಯೇ ಕೇಳಿದರು: “ಏನಾದ್ಲೋ ಅವಳು?”

“ಏನೂ ಆಗಿಲ್ಲಮ್ಮ. ಚೆನ್ನಾಗಿದ್ದಾಳೆ. ಆದ್ರೆ ನೀನು ಅದನ್ನ ನೋಡೋದು ಬೇಡ. ನಿನಗೆ ಬಿಪಿ ಇದೆ.”

ಅತ್ತೆ ಘಾರಿಯ ಡಬ್ಬದ ಮುಚ್ಚಳ ಹಾಕಿದರು. “ಅವಳು ಚೆನ್ನಾಗಿದ್ರೆ ನನ್ ಬಿಪಿ ಯಾಕಲಾ ಏರ್ತದೆ?”

೬. ಬಾ ಹೇಳಿದ ಕಥೆ

ದೀಪಾವಳಿಯೂ ಮುಗಿಯಿತು. ಅತ್ತೆಯ ರೈಲು ಮಂಗಳವಾರ. ಉಳಿದದ್ದು ಒಂದೇ ಭಾನುವಾರ. ಬ್ಯಾಗಿಗೆ ಸೀರೆಗಳು ಹೋಗಿದ್ದವು, ಔಷಧಿ ಡಬ್ಬ ಹೋಗಿತ್ತು. ನನಗೆ ಬೆಳಗ್ಗೆಯಿಂದ ಯಾರನ್ನು ನೋಡಿದರೂ ಸಿಟ್ಟು. ಹಾಲು ಉಕ್ಕಿದರೆ ಹಾಲಿನ ಮೇಲೆ, ಕುಕ್ಕರ್ ಕೂಗಿದರೆ ಕುಕ್ಕರ್ ಮೇಲೆ. ನಮ್ಮವರು ಬೇರೆ, “ಇವತ್ತು ಸಿನಿಮಾ ಬೇಡ, ಅಮ್ಮನ್ನ ಎಲ್ಲಾದ್ರೂ ಸುತ್ತಾಡಿಸಿಕೊಂಡು ಬರೋಣ” ಅಂತ ಶುರು ಮಾಡಿದರು. ನಾನು ತಿರುಗಿ ನೋಡಿದ ನೋಟಕ್ಕೆ ಪೇಪರಿನ ಹಿಂದೆ ಸೇರಿಕೊಂಡರು.

ಮಧ್ಯಾಹ್ನ ಟಿವಿ ಮುಂದೆ ಕೂತು ರಿಮೋಟ್ ಒತ್ತಿದೆ. ಒತ್ತುವಷ್ಟರಲ್ಲಿ ಮಾಸಿ ಜಾಲರಿಯ ಹೊರಗೆ ನಿಂತಿದ್ದರು, ಕೈಯಲ್ಲಿ ಅದೇ ದರಿದ್ರ ವಾಟಕಿ.

ಅಷ್ಟೇ. ನನ್ನ ತಾಳ್ಮೆಯ ಕಟ್ಟೆ ಒಡೆಯಿತು. ಎದ್ದು ಹೋಗಿ ಬಾಗಿಲು ಪೂರ್ತಿ ತೆರೆದೆ. ಕಾರಿಡಾರಿನಲ್ಲಿ ನಿಂತು, ಹಿಂದಿ, ಗುಜರಾತಿ ಯಾವುದು ಬಾಯಿಗೆ ಬಂತೋ ಅದರಲ್ಲಿ ಕೂಗಿ ಹೇಳಿದೆ: “ಎಲ್ಲರೂ ಬನ್ನಿ. ವಾಟಕಿ ತರುವವರು, ಭಾಷಣ ಮಾಡುವವರು, ಬಾಗಿಲು ಬಡಿಯುವವರು, ಎಲ್ಲರೂ ಈಗಲೇ ಬಂದು ಕೂತುಬಿಡಿ. ಮೂರು ಗಂಟೆ ಯಾರೂ ಏಳುವ ಹಾಗಿಲ್ಲ. ನಮ್ಮ ಅತ್ತೆ ಮಂಗಳವಾರ ಹೊರಟು ಹೋಗುತ್ತಿದ್ದಾರೆ, ಅವರು ಇವತ್ತು ಈ ಸಿನಿಮಾ ನೋಡಲೇಬೇಕು.”

ನಾಚಿಕೆಯಿಂದ ಬಾಗಿಲು ಹಾಕಿಕೊಳ್ಳುತ್ತಾರೆ ಅಂತ ನಾನು ಅಂದುಕೊಂಡೆ. ಬಂದರು. ಮಾಸಿ ಬಂದರು, ಮೇಲಿನ ಮಹಡಿಯ ಇಬ್ಬರು ಅಜ್ಜಿಯರು ಬಂದರು, ಕೆಳಗಿನವರು ತಮ್ಮ ಕುರ್ಚಿ ಹೊತ್ತುಕೊಂಡು ಬಂದರು. ಸೆಕ್ರೆಟರಿ ಬಂದು ಅತ್ತೆಯಿಂದ ಸ್ವಲ್ಪ ದೂರ, ಬಾಗಿಲ ಹತ್ತಿರ ಕೂತರು. ಹಾಲ್‌ನಲ್ಲಿ ಕಾಲಿಡಲು ಜಾಗವಿಲ್ಲ. ಅತ್ತೆಯನ್ನು ನಡುವಿನ ಕುರ್ಚಿಯಲ್ಲಿ ಕೂರಿಸಿದರು. ನನಗೆ ಕೂರಲು ಮಣೆಯೂ ಉಳಿಯಲಿಲ್ಲ, ಫ್ರಿಜ್ಜಿಗೆ ಒರಗಿ ನಿಂತೆ.

ಸಿನಿಮಾ ಇಂಗ್ಲಿಷ್. ಬಂದ ಹೆಂಗಸರಲ್ಲಿ ಹೆಚ್ಚಿನವರಿಗೆ ಇಂಗ್ಲಿಷ್ ಬರುವುದಿಲ್ಲ. ಮಾಸಿ ಗುಜರಾತಿಯಲ್ಲಿ ಏನೋ ಕೇಳಿದರು. ಅತ್ತೆ ಟಿವಿಯಿಂದ ಕಣ್ಣು ತೆಗೆಯದೆ ಕನ್ನಡದಲ್ಲಿ ಉತ್ತರ ಕೊಟ್ಟರು.

“ಇವನು ಕೈ ಕಚ್ಚಿಸ್ಕಂಡು ಸುಮ್ನೆ ಬಂದು ಎಲ್ಲರ ಮಧ್ಯೆ ಕುಂತವ್ನೆ. ಈಗ ನೋಡ್ರವ್ವ ಮಜಾ.”

“ಹಾ ಬಾ, ಹಾ” ಅಂದರು ಮಾಸಿ, ಪಕ್ಕದ ಅಜ್ಜಿಗೆ ಅದನ್ನೇ ಗುಜರಾತಿಯಲ್ಲಿ ಮುಟ್ಟಿಸಿದರು. ತಪ್ಪಿಲ್ಲದೆ ಮುಟ್ಟಿಸಿದರು. ಮುಂದಿನ ಮಾತನ್ನು ನಾನು ಹಿಂದಿಯಲ್ಲಿ ತಿಳಿಸಿ ಹೇಳಲು ಹೋದೆ. ಮಾಸಿ ನನ್ನ ಕಡೆ ಕೈ ಎತ್ತಿದರು: “ನೀವು ಸುಮ್ಮನಿರಿ ಬೆನ್. ಬಾ ಸರಿಯಾಗಿಯೇ ಹೇಳ್ತಿದ್ದಾರೆ.”

ಮೂರು ಗಂಟೆ ಹೀಗೇ ನಡೆಯಿತು. ಅತ್ತೆ ಕನ್ನಡದಲ್ಲಿ ಬೈದರೆ ಇವರು ಗುಜರಾತಿಯಲ್ಲಿ ಬೈಯುತ್ತಿದ್ದರು. ಸಿನಿಮಾದವರು ಇಂಗ್ಲಿಷಿನಲ್ಲಿ ಸಾಯುತ್ತಿದ್ದರು. ಯಾರಿಗೂ ಯಾವುದೂ ಅರ್ಥವಾಗದೆ ಉಳಿಯಲಿಲ್ಲ. ನಮ್ಮವರು ಮಾತ್ರ ಗೋಡೆಗೆ ಅಂಟಿಕೊಂಡು ನಿಂತು ಮತ್ತೆ ಮತ್ತೆ ಗಡಿಯಾರ ನೋಡುತ್ತಿದ್ದರು.

ಸೇತುವೆ ಬಂತು. ಸೇತುವೆ ಮುರಿಯಿತು. ಮಗ ಹೆಲಿಕಾಪ್ಟರ್ ಹತ್ತಿದ. ಇಲ್ಲಿಂದಲೇ ಹೊಸ ಭಾಗ. ಮಗನಿಗೆ ತಡೆಯಲಾಗುವುದಿಲ್ಲ, ಹೆಲಿಕಾಪ್ಟರ್ ಇಳಿಸಿ, ನದಿ ಸುತ್ತಿ, ಈಚೆ ದಡಕ್ಕೆ ಓಡಿ ಬರುತ್ತಾನೆ. ಮುದುಕಿ ಅದೇ ಬೆಂಚಿನ ಮೇಲೆ, ಅವನಿಗೆ ಬೆನ್ನು ಮಾಡಿ ಕೂತಿದ್ದಾಳೆ. ಮಗ ಅಳುತ್ತಾ ಹೋಗಿ ಅವಳ ಹೆಗಲ ಮೇಲೆ ಕೈ ಇಡುತ್ತಾನೆ. ಮುದುಕಿ ನಿಧಾನವಾಗಿ ತಿರುಗಿದಳು. ಕಣ್ಣು ಬೆಳ್ಳಗಾಗಿದೆ. ಬಾಯಿ ತೆರೆದಳು. ಮಗನನ್ನು ಗಬಕ್ಕನೆ ಕಚ್ಚಿಯೇ ಬಿಟ್ಟಳು.

ಮೊದಲು ಮಾಸಿ ಚಪ್ಪಾಳೆ ತಟ್ಟಿದರು. ಮೇಲಿನ ಮಹಡಿಯ ಅಜ್ಜಿಯರು ತಟ್ಟಿದರು. ಕೂತವರೆಲ್ಲ ತಟ್ಟಿದರು. ಅತ್ತೆ ಕುರ್ಚಿಗೆ ಒರಗಿ, “ಈಗ ಸರಿಹೋಯ್ತು” ಅಂದರು. ಅದನ್ನು ಯಾರೂ ಯಾರಿಗೂ ಗುಜರಾತಿಯಲ್ಲಿ ಹೇಳಬೇಕಾಗಲಿಲ್ಲ.

ಬಾಗಿಲ ಹತ್ತಿರ ಕೂತಿದ್ದ ಸೆಕ್ರೆಟರಿ ಮೆಲ್ಲನೆ ಎದ್ದು ಕಾರಿಡಾರಿಗೆ ಹೋದರು. ಹೆತ್ತ ತಾಯಿಯನ್ನು ಅವರು ಸೂರತ್ತಿನ ಅಣ್ಣನ ಮನೆಯಲ್ಲಿ ಬಿಟ್ಟಿದ್ದಾರೆ ಅಂತ ಮಾಸಿ ಒಮ್ಮೆ ಹೇಳಿದ್ದರು. ಕಾರಿಡಾರಿನಿಂದ ಅವರ ದನಿ ಕೇಳಿಸಿತು, ಫೋನಿನಲ್ಲಿ, ಜೇನಿನಂಥ ದನಿ: “ಬಾ, ಊಟ ಆಯ್ತಾ? ಇಲ್ಲ, ಏನಿಲ್ಲ, ಸುಮ್ಮನೆ ಕೇಳ್ದೆ.”

ನನಗೆ ಆಗ ನೆನಪಾಯಿತು, ನಾನು ಹೇಳಬೇಕಾದ ಮಾತು ಈಗಲೇ ಹೇಳಬೇಕು. ಗಂಟಲು ಸರಿಮಾಡಿಕೊಂಡು ಮುಂದೆ ಹೋದೆ. ಆದರೆ ಅತ್ತೆಯ ಹತ್ತಿರ ಹೋಗಲು ದಾರಿ ಬೇಕಲ್ಲ. ಆರೇಳು ಹೆಂಗಸರು ಅವರನ್ನು ಸುತ್ತಿಕೊಂಡು ಮಾತಾಡುತ್ತಿದ್ದರು. ಅತ್ತೆ ಕೈ ತಿರುಗಿಸಿ, ಕಣ್ಣು ತಿರುಗಿಸಿ, ಕನ್ನಡದಲ್ಲಿ ಉತ್ತರ ಕೊಡುತ್ತಿದ್ದರು. ವಾರಗಟ್ಟಲೆ ಈ ಒಂದು ಗಳಿಗೆಗೆ ಕಾದವಳು ನಾನು, ರೈಲು ಹತ್ತಿ ಹತ್ತಿಯ ದರ ಕೇಳಿದವಳು ನಾನು, ಈಗ ಫ್ರಿಜ್ಜಿನ ಪಕ್ಕ ನಿಂತು ಎಲ್ಲರಿಗೂ ಚಹಾ ಸೋಸುವವಳೂ ನಾನೇ. ಮೈಯೆಲ್ಲ ಉರಿಯಿತು.

ಎಲ್ಲರೂ ಹೋದ ಮೇಲೆ ನಮ್ಮವರು ಅತ್ತೆಯ ಮುಂದೆ ಬಂದು ನಿಂತರು. ಒಂದು ಹೆಜ್ಜೆ ದೂರದಲ್ಲೇ ನಿಂತರು. ಕೈಯಲ್ಲಿ ಮೊಬೈಲ್.

“ಅಮ್ಮಾ, ನಿನ್ನ ಟಿಕೆಟ್ ರದ್ದು ಮಾಡಿದೆ.”

“ಯಾರನ್ನ ಕೇಳಿ ಮಾಡ್ದೆ?” ಅಂದರು ಅತ್ತೆ.

ನಮ್ಮವರು ನನ್ನ ಮುಖ ನೋಡಿದರು. ನಾನು ಚಹಾದ ಲೋಟಗಳನ್ನು ಕೆಳಗಿಟ್ಟೆ. ಇದಕ್ಕಿಂತ ಒಳ್ಳೆಯ ಹೊತ್ತು ಮತ್ತೆ ಸಿಗುವುದಿಲ್ಲ ಅಂತ, “ಅತ್ತೆ, ನೀವು ಹೋಗಬೇಡಿ, ಇಲ್ಲೇ ಇರಿ” ಅಂದೆ. ಸಿಟ್ಟಿನಲ್ಲಿದ್ದೆನಲ್ಲ, ಗದರಿದ ಹಾಗೇ ಬಂತು.

ಅತ್ತೆ ನಮ್ಮಿಬ್ಬರನ್ನೂ ನೋಡಿದರು. ಆಮೇಲೆ ಬ್ಯಾಗನ್ನು ಕಾಲಿನಿಂದ ಮಂಚದ ಕೆಳಗೆ ತಳ್ಳಿದರು.

“ನಾನೆಲ್ಲಿ ಹೋಗಾಕಾಗ್ತದೆ? ಮುಂದಿನ ಭಾನುವಾರ ಇದರದ್ದೇ ಎರಡನೇ ಭಾಗ ಹಾಕ್ತಾರಂತೆ, ಎದುರು ಮನೇಲಿ. ಇವರಿಗೆಲ್ಲ ಅರ್ಥ ಆಗೋ ಭಾಷೇಲಿ ಹೇಳಾಕೆ ಒಬ್ರು ಬೇಕಲ್ಲ.”